ಉಕ್ಕಿನ ಬಾಗಿಲು, ಒಂದು ಕೀ: ಯುದ್ಧದ ನಂತರ ಜಪಾನಿನ ಪುಟ್ಟ ಫ್ಲಾಟ್‌ಗಳ ಕಥೆ



ಇವತ್ತು ಒಂದು ಸಣ್ಣ ಪ್ರಶ್ನೆಯಿಂದ ಶುರು ಮಾಡ್ತೀನಿ. ಬೆಳಗ್ಗೆ ಮನೆಯಿಂದ ಹೊರಡುವಾಗ ಏನು ಮಾಡಿದ್ರಿ? ಬಾಗಿಲು ಎಳೆದು, ಬೀಗ ತಿರುಗಿಸಿ, ಕೀ ಬ್ಯಾಗಿಗೆ ಹಾಕಿಕೊಂಡು ಹೊರಟ್ರಿ. ಎರಡು ಸೆಕೆಂಡಿನ ಕೆಲಸ. ಆದ್ರೆ ಎಪ್ಪತ್ತು ವರ್ಷದ ಹಿಂದೆ ಜಪಾನಿನ ಎಷ್ಟೋ ಗೃಹಿಣಿಯರಿಗೆ ಇದು ಹೊಸ ಅನುಭವ. ಅಲ್ಲಿನ ಹಳೆಯ ಮನೆಗಳು ಮರದವು, ಗೋಡೆಗಳ ಬದಲು ಸರಿಸುವ ಬಾಗಿಲುಗಳು, ಕಾಗದ ಅಂಟಿಸಿದ ಚೌಕಟ್ಟುಗಳು. ಹೊರಗಿನಿಂದ ಭದ್ರವಾಗಿ ಬೀಗ ಹಾಕಿ ಹೋಗೋದು ಕಷ್ಟ. ಹಾಗಾಗಿ ಮನೆ ಕಾಯಲು ಯಾರಾದರೂ ಒಬ್ಬರು ಇರಲೇಬೇಕಿತ್ತು. ಜಪಾನೀ ಭಾಷೆಯಲ್ಲಿ ಅದಕ್ಕೊಂದು ಪದವೇ ಇದೆ: ‘ರುಸುಬಾನ್’. ಆ ಒಬ್ಬರು ಸಾಮಾನ್ಯವಾಗಿ ಯಾರು ಅಂತ ನಾನು ಹೇಳಬೇಕಾಗಿಲ್ಲ. ಅತ್ತೆ ಅಥವಾ ಸೊಸೆ.

ಆ ಕೀ ಹೆಂಗಸರ ಕೈಗೆ ಹೇಗೆ ಬಂತು, ಬಂದ ಮೇಲೆ ಏನಾಯ್ತು ಅನ್ನೋದೇ ಇವತ್ತಿನ ಕಥೆ.

1945ಕ್ಕೆ ಹೋಗೋಣ. ಮಾರ್ಚ್ 10ರ ಒಂದೇ ರಾತ್ರಿ ಟೋಕಿಯೊ ಮೇಲೆ ಅಮೆರಿಕದ ವಿಮಾನಗಳು ಬೆಂಕಿ ಬಾಂಬು ಸುರಿದವು. ಸತ್ತವರು ಸುಮಾರು ಒಂದು ಲಕ್ಷ ಜನ. ಆಗಸ್ಟ್‌ನಲ್ಲಿ ಯುದ್ಧ ಮುಗಿಯುವ ಹೊತ್ತಿಗೆ ದೇಶದ ಹೆಚ್ಚಿನ ದೊಡ್ಡ ಊರುಗಳು ಸುಟ್ಟು ಹೋಗಿದ್ದವು. ಸರ್ಕಾರದ ಆಗಿನ ಅಂದಾಜಿನ ಪ್ರಕಾರ ಜಪಾನಿಗೆ 42 ಲಕ್ಷ ಮನೆಗಳ ಕೊರತೆ. ಜನ ತಗಡಿನ ಶೆಡ್ಡುಗಳಲ್ಲಿ ಇದ್ದರು. ಓಡದೆ ನಿಂತ ಹಳೆಯ ಬಸ್ಸುಗಳನ್ನೂ ಮನೆ ಮಾಡಿಕೊಂಡರು.

ಇದೇ ಹೊತ್ತಿಗೆ ಇನ್ನೊಂದು ಬದಲಾವಣೆ ಆಗ್ತಾ ಇತ್ತು. 1947ರಲ್ಲಿ ಹೊಸ ಸಂವಿಧಾನ ಜಾರಿಗೆ ಬಂತು. ಮದುವೆಯಲ್ಲಿ ಗಂಡ ಹೆಂಡತಿಗೆ ಸಮಾನ ಹಕ್ಕು ಅಂತ ಅದು ಹೇಳಿತು. ಮನೆಯ ಯಜಮಾನನಿಗೆ ಎಲ್ಲರ ಮೇಲೂ ಅಧಿಕಾರ ಕೊಡ್ತಿದ್ದ ಹಳೆಯ ಕುಟುಂಬ ಕಾನೂನು 1948ರಿಂದ ಇಲ್ಲವಾಯ್ತು. ಕಾನೂನೇನೋ ಬದಲಾಯ್ತು, ಮನೆ?

ಈ ಪ್ರಶ್ನೆ ಎತ್ತಿದವರು ಹಮಾಗುಚಿ ಮಿಹೊ. ಜಪಾನಿನಲ್ಲಿ ವಾಸ್ತುಶಿಲ್ಪಿಯಾಗಿ ಲೈಸೆನ್ಸ್ ಪಡೆದ ಮೊದಲ ಮಹಿಳೆ. 1949ರಲ್ಲಿ ಅವರು ಜಪಾನೀ ಮನೆಗಳ ಊಳಿಗಮಾನ್ಯ ಗುಣದ ಬಗ್ಗೆ ಒಂದು ಪುಸ್ತಕ ಬರೆದರು. ಅವರ ವಾದ ಸರಳ: ಮನೆಯ ಪ್ಲಾನ್ ತೆಗೆದು ನೋಡಿ. ಬಿಸಿಲು ಬರೋ ಒಳ್ಳೆಯ ಕೋಣೆ ಅತಿಥಿಗಳಿಗೆ ಮತ್ತು ಯಜಮಾನನಿಗೆ. ಕತ್ತಲೆಯ, ಥಂಡಿಯ ಉತ್ತರದ ಮೂಲೆ ಅಡುಗೆಗೆ, ಅಂದ್ರೆ ದಿನವಿಡೀ ಕೆಲಸ ಮಾಡೋ ಹೆಂಗಸಿಗೆ. ಸಂವಿಧಾನದಲ್ಲಿ ಸಮಾನತೆ ಬರೆದುಬಿಟ್ಟರೆ ಈ ಮೂಲೆಗೆ ಬಿಸಿಲು ಬರುತ್ತಾ?

ಇನ್ನೊಬ್ಬರು ನಿಶಿಯಾಮ ಉಜೊ. ಇವರು ಯುದ್ಧಕ್ಕೂ ಮೊದಲಿನಿಂದ ಬಡವರ ಮನೆಗಳಿಗೆ ಹೋಗಿ ಜನ ನಿಜವಾಗಿ ಹೇಗೆ ಬದುಕ್ತಾರೆ ಅಂತ ನೋಡಿ ಬರೆದುಕೊಳ್ಳುತ್ತಿದ್ದವರು. ಆಗಿನ ತಜ್ಞರ ನಂಬಿಕೆ ಏನಿತ್ತು ಅಂದ್ರೆ, ಜಪಾನೀ ಕೋಣೆಯಲ್ಲಿ ಹಗಲು ಗಿಡ್ಡ ಮೇಜು ಹಾಕಿ ಊಟ ಮಾಡಬಹುದು, ರಾತ್ರಿ ಅದನ್ನ ಮಡಚಿಟ್ಟು ಹಾಸಿಗೆ ಹಾಸಬಹುದು, ಹಾಗಾಗಿ ಬಡವರಿಗೆ ಒಂದೇ ಕೋಣೆ ಸಾಕು. ನಿಶಿಯಾಮ ಕಂಡದ್ದು ಬೇರೆ. ಎಷ್ಟೇ ಚಿಕ್ಕ ಮನೆಯಾದರೂ ಜನ ಉಣ್ಣೋ ಜಾಗ, ಮಲಗೋ ಜಾಗ ಬೇರೆ ಇರಲಿ ಅಂತ ಒದ್ದಾಡುತ್ತಿದ್ದರು. ಬಡವರಿಗೂ ಅದು ಬೇಕಿತ್ತು. ಅವರನ್ನು ಯಾರೂ ಕೇಳಿರಲಿಲ್ಲ ಅಷ್ಟೆ.

ಈ ವಿಚಾರ ಕಾಗದದ ಮೇಲೆ ಪ್ಲಾನ್ ಆಗಿದ್ದು 1951ರಲ್ಲಿ. ಟೋಕಿಯೊ ವಿಶ್ವವಿದ್ಯಾಲಯದ ಯೋಶಿತಾಕೆ ಯಾಸುಮಿ ಅವರ ತಂಡ ಸರ್ಕಾರಿ ವಸತಿಗೆ ಒಂದು ಮಾದರಿ ಮಾಡಿತು. ಎ, ಬಿ, ಸಿ ಅಂತ ಮೂರು ಅಳತೆಯ ಮಾದರಿಗಳಿದ್ದವು. ಅದರಲ್ಲಿ ಅತಿ ಚಿಕ್ಕದು ಈ ‘51ಸಿ’. ಎಷ್ಟು ಚಿಕ್ಕದು ಅಂದ್ರೆ ಸುಮಾರು 400 ಚದರ ಅಡಿ. ನಮ್ಮಲ್ಲಿ ಎಷ್ಟೋ ಒನ್ ಬಿಎಚ್‌ಕೆಗಳೇ ಅದಕ್ಕಿಂತ ದೊಡ್ಡವು. ಅಷ್ಟರಲ್ಲೇ ಎರಡು ಮಲಗೋ ಕೋಣೆ ಮಾಡಿದರು. ಊಟಕ್ಕೆ ಬೇರೆ ಕೋಣೆ ಕೊಡೋಕೆ ಜಾಗ ಇರಲಿಲ್ಲ. ಹಾಗಾಗಿ ಅಡುಗೆಮನೆಯನ್ನೇ ಸ್ವಲ್ಪ ಹಿಗ್ಗಿಸಿ ಅಲ್ಲೇ ಊಟಕ್ಕೂ ಜಾಗ ಮಾಡಿದರು.

ಮುಂದೆ ಇದಕ್ಕೆ ಬಿದ್ದ ಹೆಸರು ‘ಡೈನಿಂಗ್ ಕಿಚನ್’. ಜಪಾನಿನವರೇ ಜೋಡಿಸಿದ ಇಂಗ್ಲಿಷ್ ಅದು. ಅದರಿಂದ ಬಂದದ್ದು ‘2ಡಿಕೆ’, ಅಂದ್ರೆ ಎರಡು ಕೋಣೆ ಮತ್ತು ಒಂದು ಡೈನಿಂಗ್ ಕಿಚನ್. ನಾವು ಟು ಬಿಎಚ್‌ಕೆ, ತ್ರೀ ಬಿಎಚ್‌ಕೆ ಅಂತ ಹುಡುಕೋ ಹಾಗೆ ಜಪಾನಿನವರು ಇವತ್ತಿಗೂ 1ಡಿಕೆ, 2ಡಿಕೆ ಅಂತ ಹುಡುಕ್ತಾರೆ.

1955ರಲ್ಲಿ ಜಪಾನ್ ವಸತಿ ನಿಗಮ ಶುರುವಾಯ್ತು. ಮರುವರ್ಷ ಒಸಾಕಾ ಪಕ್ಕದ ಸಕಾಯ್ ಊರಿನಲ್ಲಿ ಅದರ ಮೊದಲ ಬಡಾವಣೆ ಕನಾವೊಕಾ ತಯಾರಾಯ್ತು. ಇಂಥ ಬಡಾವಣೆಗಳಿಗೆ ‘ದಂಚಿ’ ಅಂತಾರೆ. ಸಾಲಾಗಿ ನಿಂತ ನಾಲ್ಕೈದು ಅಂತಸ್ತಿನ ಕಾಂಕ್ರೀಟ್ ಕಟ್ಟಡಗಳು. ಲಿಫ್ಟ್ ಇಲ್ಲ. ಈ ‘ಲಿಫ್ಟ್ ಇಲ್ಲ’ ಅನ್ನೋದನ್ನ ಸ್ವಲ್ಪ ನೆನಪಲ್ಲಿ ಇಟ್ಟುಕೊಳ್ಳಿ.

ಈಗ ಒಳಗೆ ಹೋಗಿ ನೋಡೋಣ. ನೆಲದ ಮೇಲೆ ಕೂತು ಉಣ್ಣುತ್ತಿದ್ದವರ ಹತ್ತಿರ ಡೈನಿಂಗ್ ಟೇಬಲ್ ಎಲ್ಲಿರುತ್ತೆ? ಅದಕ್ಕೇ ಮೊದಮೊದಲ ಫ್ಲಾಟ್‌ಗಳಲ್ಲಿ ನಿಗಮವೇ ಟೇಬಲ್ ಇಟ್ಟು ಕೊಟ್ಟಿತು. ಇಲ್ಲದಿದ್ದರೆ ಜನ ಆ ಜಾಗದಲ್ಲೂ ಹಾಸಿಗೆ ಹಾಸಿಬಿಡ್ತಾರೆ ಅನ್ನೋ ಭಯ. ಮನೆಯೊಳಗೇ ಸ್ನಾನದ ತೊಟ್ಟಿ ಬಂತು, ಬೀದಿಯ ಸಾರ್ವಜನಿಕ ಸ್ನಾನಗೃಹಕ್ಕೆ ಹೋಗೋದು ತಪ್ಪಿತು. ಆಮೇಲೆ ಕಮೋಡ್ ಬಂತು. ಅದರ ಮೇಲೆ ಹೇಗೆ ಕೂರಬೇಕು ಅಂತ ಚಿತ್ರ ಬರೆದು ಅಂಟಿಸಬೇಕಾಯ್ತು!

ಅಡುಗೆಮನೆಯಲ್ಲಿ ಹೊಳೆಯುವ ಸ್ಟೇನ್‌ಲೆಸ್ ಸ್ಟೀಲ್ ಸಿಂಕ್. ಇದರ ಹಿಂದೆ ಇದ್ದವರು ಅದೇ ಹಮಾಗುಚಿ ಮಿಹೊ. ಹಳೆಯ ಸಿಂಕ್‌ಗಳು ಕಲ್ಲಿನ ಚೂರು, ಸಿಮೆಂಟ್ ಕಲಸಿ ಮಾಡಿದವು. ಭಾರ, ಬೇಗ ಕೊಳಕಾಗೋದು. ಉಕ್ಕಿನ ಹಾಳೆಯನ್ನ ಯಂತ್ರದಲ್ಲಿ ಒತ್ತಿ ಸಿಂಕ್ ಮಾಡಿದರೆ ಸಾವಿರಗಟ್ಟಲೆ ಮನೆಗೆ ಕಡಿಮೆ ಖರ್ಚಿನಲ್ಲಿ ಹಾಕಬಹುದು. ಸಿಂಕ್ ಎಲ್ಲಿರಬೇಕು ಅನ್ನೋದರ ಬಗ್ಗೆಯೂ ಅವರು ಜಗಳ ಆಡಿದರು. ಮೂಲೆಯಲ್ಲಿ ಬೇಡ, ಕಟ್ಟೆಯ ನಡುವೆ ಇರಲಿ, ಒಂದು ಕಡೆ ಹೆಚ್ಚೋ ಜಾಗ, ಇನ್ನೊಂದು ಕಡೆ ಒಲೆ, ಆಗ ಅಡುಗೆ ಮಾಡೋರ ಓಡಾಟ ಕಡಿಮೆ ಅಂತ. ದಿನಕ್ಕೆ ಮೂರು ಹೊತ್ತು ಅಡುಗೆ ಮಾಡೋರಿಗೆ ನಾಲ್ಕು ಹೆಜ್ಜೆ ಕಡಿಮೆಯಾದರೆ ಅದು ಸಣ್ಣ ವಿಷಯ ಅಲ್ಲ.

ಇನ್ನು ಬಾಗಿಲು. ಉಕ್ಕಿನ ಬಾಗಿಲು, ಅದಕ್ಕೆ ಸಿಲಿಂಡರ್ ಬೀಗ. ಒಂದು ಸಲ ಕೀ ತಿರುಗಿಸಿದರೆ ಇಡೀ ಮನೆ ಭದ್ರ. ಮನೆ ಕಾಯುವ ಕೆಲಸವೇ ಮುಗಿಯಿತು. ಹೆಂಗಸರು ಬೀಗ ಹಾಕಿಕೊಂಡು ಅಂಗಡಿಗೆ, ಸಿನಿಮಾಕ್ಕೆ, ಕೆಲಸಕ್ಕೆ ಹೊರಟರು. ಕೆಲವು ದಂಚಿಗಳಲ್ಲಿ ತಾಯಂದಿರೇ ಸೇರಿ ಮಕ್ಕಳನ್ನು ನೋಡಿಕೊಳ್ಳೋ ವ್ಯವಸ್ಥೆ ಮಾಡಿಕೊಂಡರು. ಒಳಗೂ ಬಾಗಿಲು ಹಾಕಿಕೊಳ್ಳಬಹುದಿತ್ತು. ಅತ್ತೆ ಮಾವ, ಅಕ್ಕಪಕ್ಕದವರು ಯಾರೂ ಹೇಳದೆ ಕೇಳದೆ ಒಳಗೆ ಬರೋ ಹಾಗಿಲ್ಲ. ಹೊಸದಾಗಿ ಮದುವೆಯಾದವರಿಗೆ ಇದಕ್ಕಿಂತ ಇನ್ನೇನು ಬೇಕು ಹೇಳಿ?

ಸಹಜವಾಗಿಯೇ ಜನ ಮುಗಿಬಿದ್ದರು. ಮನೆ ಸಿಗಬೇಕಾದರೆ ಲಾಟರಿ ಹತ್ತಬೇಕು. ಸಂಬಳ ಇಷ್ಟಿರಲೇಬೇಕು ಅಂತ ನಿಯಮವೂ ಇತ್ತು, ಹಾಗಾಗಿ ತೀರಾ ಬಡವರಿಗೆ ಇದು ಎಟುಕಲಿಲ್ಲ. ಈ ಮಾತನ್ನ ಬಿಟ್ಟು ಕಥೆ ಹೇಳಿದರೆ ಸುಳ್ಳಾಗುತ್ತೆ. 1958ರಲ್ಲಿ ಒಂದು ವಾರಪತ್ರಿಕೆ ಇಲ್ಲಿನ ಯುವ ದಂಪತಿಗಳಿಗೆ ‘ದಂಚಿ ಜೊಕು’, ಅಂದ್ರೆ ‘ದಂಚಿ ಕುಲದವರು’ ಅಂತ ಹೆಸರಿಟ್ಟಿತು. ಟಿವಿ, ವಾಷಿಂಗ್ ಮಷೀನ್, ಫ್ರಿಜ್ ಮೊದಲು ಬಂದ ಮನೆಗಳಲ್ಲಿ ಇವರದ್ದೂ ಸೇರಿದ್ದವು. 1960ರಲ್ಲಿ ಯುವರಾಜ ಅಕಿಹಿತೊ ಮತ್ತು ಮಿಚಿಕೊ ಟೋಕಿಯೊ ಪಕ್ಕದ ಹಿಬಾರಿಗಾವೊಕಾ ದಂಚಿಗೆ ಬಂದು ಬಾಲ್ಕನಿಯಲ್ಲಿ ನಿಂತರು. ಆ ಕಟ್ಟಡ ಈಗಿಲ್ಲ, ಆದ್ರೆ ಆ ಬಾಲ್ಕನಿಯನ್ನ ಮಾತ್ರ ಇನ್ನೂ ಉಳಿಸಿಕೊಂಡಿದ್ದಾರೆ.

ಸರಿ, ಈಗ 2001ಕ್ಕೆ ಬರೋಣ. ಚಿಬಾ ಪ್ರಾಂತ್ಯದ ಮತ್ಸುದೊ ಊರಿನ ತೊಕಿವಾದೈರಾ ದಂಚಿ. ಇದೂ 1960ರ ಸುಮಾರಿಗೆ ಕಟ್ಟಿದ್ದು, 4,800ಕ್ಕೂ ಹೆಚ್ಚು ಮನೆ. ಅಲ್ಲಿ ಒಂದು ಫ್ಲಾಟಿನಲ್ಲಿ ಒಬ್ಬ ವ್ಯಕ್ತಿಯ ಅಸ್ಥಿಪಂಜರ ಸಿಕ್ಕಿತು. ಅವರು ಸತ್ತು ಮೂರು ವರ್ಷ ಆಗಿತ್ತು. ಬಾಡಿಗೆ ಬ್ಯಾಂಕ್ ಖಾತೆಯಿಂದ ತಾನಾಗಿ ಕಟ್ ಆಗ್ತಿತ್ತು. ಖಾತೆಯಲ್ಲಿ ದುಡ್ಡು ಇರೋವರೆಗೂ ಯಾರೂ ಬಾಗಿಲು ತಟ್ಟಲಿಲ್ಲ.

ಇಂಥ ಸಾವಿಗೆ ಜಪಾನಿನಲ್ಲಿ ‘ಕೊದೊಕುಶಿ’ ಅಂತಾರೆ, ಒಂಟಿ ಸಾವು. ಏನಾಗಿತ್ತು ಅಂದ್ರೆ, 2ಡಿಕೆ ಪ್ಲಾನ್ ಮಾಡಿದಾಗ ಎಲ್ಲರ ಕಣ್ಣಲ್ಲಿ ಇದ್ದದ್ದು ಒಂದೇ ಚಿತ್ರ: ಗಂಡ, ಹೆಂಡತಿ, ಒಂದೋ ಎರಡೋ ಮಕ್ಕಳು. ಮಕ್ಕಳು ಬೆಳೆದು ಹೊರಟರು. ಗಂಡನೋ ಹೆಂಡತಿಯೋ ಮೊದಲು ತೀರಿಕೊಂಡರು. ಉಳಿದವರಿಗೆ ಲಿಫ್ಟ್ ಇಲ್ಲದ ನಾಲ್ಕನೇ ಮಹಡಿ. ಮಂಡಿ ನೋವಾದ ಮೇಲೆ ಇಳಿಯೋದು ಕಡಿಮೆಯಾಯ್ತು. ಯಾರೂ ಹೇಳದೆ ಕೇಳದೆ ಒಳಗೆ ಬರೋ ಹಾಗಿಲ್ಲ ಅನ್ನೋ ಅದೇ ಉಕ್ಕಿನ ಬಾಗಿಲು ಈಗಲೂ ಅಲ್ಲೇ ಇತ್ತು, ಅಷ್ಟೇ ಭದ್ರವಾಗಿ.

ಹಾಗಂತ ಹಳೇ ಕಾಲವೇ ಚೆನ್ನಾಗಿತ್ತು ಅಂತ ನಾನು ಹೇಳ್ತಿಲ್ಲ. ಒಂಟಿತನಕ್ಕೆ ಬೀಗವನ್ನ ಬೈದು, ಸೊಸೆಯನ್ನ ಮತ್ತೆ ಮನೆ ಕಾಯೋಕೆ ಕೂರಿಸೋದು ಯಾವ ನ್ಯಾಯ? ಹಿಂದೆ ಮುದುಕರು ಒಂಟಿಯಾಗಿ ಇರ್ತಿರಲಿಲ್ಲ ಅಂದ್ರೆ, ಅವರನ್ನ ನೋಡಿಕೊಳ್ಳೋ ಒಬ್ಬ ಹೆಂಗಸು ಹೊರಗೆ ಹೋಗದೆ ಮನೆಯಲ್ಲೇ ಇರ್ತಿದ್ದಳು ಅಂತಲೂ ಅರ್ಥ. ಬೀಗ ಬಂದಾಗ ಆ ಕೆಲಸ ಅವಳ ಹೆಗಲಿಂದ ಇಳಿಯಿತು. ಅದನ್ನ ಇನ್ನು ಯಾರು ಹೊರಬೇಕು ಅನ್ನೋ ಪ್ರಶ್ನೆಯನ್ನ ಪ್ಲಾನ್ ಮಾಡಿದವರೂ ಕೇಳಲಿಲ್ಲ, ಸರ್ಕಾರವೂ ಕೇಳಲಿಲ್ಲ. ನನಗೆ ಈ ಕಥೆಯಲ್ಲಿ ಮುಖ್ಯ ಅನ್ನಿಸೋದು ಇದೇ.

ಕೊನೆಗೆ ಕೇಳಿದವರು ತೊಕಿವಾದೈರಾದ ನಿವಾಸಿಗಳೇ. ಅಲ್ಲಿನ ನಿವಾಸಿಗಳ ಸಂಘ ಇದು ನಮ್ಮ ದಂಚಿಯ ಜವಾಬ್ದಾರಿ ಅಂತ ಹೊರಟಿತು. 2004ರಲ್ಲಿ ಒಂಟಿ ಸಾವು ತಡೆಯೋಕೆ ಅಂತಲೇ ಒಂದು ಕೇಂದ್ರ ಮಾಡಿದರು. ಆಮೇಲೆ, ಬಂದು ಕೂತು ಕಾಫಿ ಕುಡಿದು ಹೋಗೋಕೆ ಒಂದು ಜಾಗ ಮಾಡಿದರು. ಅವರ ಮುಖ್ಯ ಸಲಹೆ ಕೇಳಿದರೆ ಇಷ್ಟೇನಾ ಅನ್ನಿಸುತ್ತೆ: ಎದುರಿಗೆ ಸಿಕ್ಕವರಿಗೆ ನಮಸ್ಕಾರ ಹೇಳಿ. ಅಷ್ಟೇ. ಆದ್ರೆ ದಿನಾ ನಮಸ್ಕಾರ ಹೇಳೋರು ಎರಡು ದಿನ ಕಾಣಲಿಲ್ಲ ಅಂದ್ರೆ ಯಾರಿಗಾದರೂ ಗೊತ್ತಾಗುತ್ತಲ್ಲ.

ಇದನ್ನ ಕೇಳ್ತಿರೋ ನಿಮ್ಮಲ್ಲಿ ಎಷ್ಟೋ ಜನ ಫ್ಲಾಟಿನಲ್ಲಿ ಇರಬಹುದು, ಅಪ್ಪ ಅಮ್ಮ ಊರಲ್ಲಿ ಇರಬಹುದು. ಈ ಸಲ ಊರಿಗೆ ಫೋನ್ ಮಾಡಿದಾಗ ಊಟ ಆಯ್ತಾ ಅಂತ ಕೇಳಿದ ಮೇಲೆ ಇನ್ನೊಂದು ಪ್ರಶ್ನೆ ಸೇರಿಸಿ: ಅಮ್ಮಾ, ನೀನು ಎರಡು ದಿನ ಬಾಗಿಲು ತೆಗೀಲಿಲ್ಲ ಅಂದ್ರೆ ಮೊದಲು ಯಾರಿಗೆ ಗೊತ್ತಾಗುತ್ತೆ? ಉತ್ತರವಾಗಿ ಒಂದು ಹೆಸರು ಬಂದರೆ, ಅವರ ನಂಬರ್ ತಗೊಂಡು ಸೇವ್ ಮಾಡಿಕೊಳ್ಳಿ.