ಕಲಿಕೆಯ ಮೇಲೆ ಹೂಡಿದ ಹಣ



ಎಲೆಕ್ಟ್ರಾನಿಕ್ಸ್ ವಸ್ತುಪ್ರದರ್ಶನದ ಉದ್ಘಾಟನೆಗೆ ನಾವು ಇಲ್ಲಿ ಸೇರಿದ್ದೇವೆ. ಸೆಮಿಕಂಡಕ್ಟರ್ ಎಂಬ ಮಾತು ಈಗ ಬಜೆಟ್ ಭಾಷಣದಿಂದ ಹಿಡಿದು ಊರ ಕಟ್ಟೆಯವರೆಗೆ ಓಡಾಡುತ್ತಿದೆ. 2021ರ ಡಿಸೆಂಬರಿನಲ್ಲಿ ಕೇಂದ್ರ ಸರ್ಕಾರ ಇದಕ್ಕಾಗಿ 76,000 ಕೋಟಿ ರೂಪಾಯಿಯ ಯೋಜನೆಗೆ ಒಪ್ಪಿಗೆ ಕೊಟ್ಟಿತು. 2024ರಲ್ಲಿ ಗುಜರಾತಿನ ಧೋಲೇರಾದಲ್ಲಿ ತೈವಾನಿನ ಪವರ್‌ಚಿಪ್ ಕಂಪನಿಯ ಜೊತೆ ಸೇರಿ 91,000 ಕೋಟಿಯ ಕಾರ್ಖಾನೆ ಕಟ್ಟಲು ಟಾಟಾ ಸಂಸ್ಥೆಗೆ ಅನುಮತಿ ಸಿಕ್ಕಿತು. ಇಷ್ಟು ದೊಡ್ಡ ಮೊತ್ತಗಳು ಕಿವಿಗೆ ಬಿದ್ದಾಗ, ಹಣ ಸುರಿದರೆ ಉದ್ಯಮ ಹುಟ್ಟುತ್ತದೆಂಬ ನಂಬಿಕೆ ತಾನಾಗಿಯೇ ಮೂಡುತ್ತದೆ. ಆ ನಂಬಿಕೆಯನ್ನು ನಾನು ಒಪ್ಪಲಾರೆ. ಕೆಲಸ ಬಲ್ಲ ಜನರನ್ನು ತಯಾರು ಮಾಡಲು ಸರ್ಕಾರ ತಾಳ್ಮೆಯಿಂದ ಖರ್ಚು ಮಾಡಬೇಕು. ಆಮೇಲೆ ಆ ಜನ ಸರ್ಕಾರದ ಆಸರೆ ಬಿಟ್ಟು ಹೊರಗೆ ಹೋಗಿ ಬದುಕು ಕಟ್ಟಿಕೊಳ್ಳಲು ದಾರಿಯನ್ನೂ ತೆರೆಯಬೇಕು. ಈ ಎರಡೂ ಸೇರಿದಲ್ಲಿ ಮಾತ್ರ ಉನ್ನತ ತಂತ್ರಜ್ಞಾನದ ಉದ್ಯಮ ಬೇರು ಬಿಟ್ಟಿದೆ. ಇದಕ್ಕೆ ತೈವಾನ್ ಕೊಡುವಷ್ಟು ಸ್ಪಷ್ಟವಾದ ಸಾಕ್ಷ್ಯ ಬೇರೆಡೆ ಸಿಗುವುದು ಕಷ್ಟ.

1970ರ ದಶಕದ ಆರಂಭದಲ್ಲಿ ತೈವಾನ್ ಬಟ್ಟೆ, ಪ್ಲಾಸ್ಟಿಕ್ ಸಾಮಾನು ಮಾಡುತ್ತಿದ್ದ, ವಿದೇಶಿ ಕಂಪನಿಗಳಿಗೆ ರೇಡಿಯೊ, ಟಿವಿ ಜೋಡಿಸಿಕೊಡುತ್ತಿದ್ದ ದ್ವೀಪ. 1971ರಲ್ಲಿ ವಿಶ್ವಸಂಸ್ಥೆಯ ಸ್ಥಾನ ಕೈತಪ್ಪಿತ್ತು, 1973ರಲ್ಲಿ ತೈಲದ ಬೆಲೆ ಏರಿತ್ತು. ಅದೇ 1973ರಲ್ಲಿ ಸರ್ಕಾರ ಕೈಗಾರಿಕಾ ತಂತ್ರಜ್ಞಾನ ಸಂಶೋಧನಾ ಸಂಸ್ಥೆಯನ್ನು ಸ್ಥಾಪಿಸಿತು. ಮರುವರ್ಷ ಫೆಬ್ರವರಿಯಲ್ಲಿ, ತೈಪೆಯಲ್ಲಿ ಸೋಯಾ ಹಾಲು ಮಾರುವ ಒಂದು ಪುಟ್ಟ ಹೋಟೆಲಿನಲ್ಲಿ ಬೆಳಗಿನ ತಿಂಡಿಗೆ ಕುಳಿತಿದ್ದವರಲ್ಲಿ ಆರ್ಥಿಕ ಸಚಿವ ಸನ್ ಯುನ್-ಸುವಾನ್ ಮತ್ತು ಅಮೆರಿಕದ ಆರ್‌ಸಿಎ ಪ್ರಯೋಗಾಲಯದ ಪಾನ್ ವೆನ್-ಯುವಾನ್ ಇದ್ದರು. ಇಂಟಿಗ್ರೇಟೆಡ್ ಸರ್ಕ್ಯೂಟ್, ಅಂದರೆ ಚಿಪ್, ತಯಾರಿಕೆಗೆ ಕೈ ಹಾಕಿ, ನಾಲ್ಕು ವರ್ಷ, ಒಂದು ಕೋಟಿ ಡಾಲರ್ ಬೇಕಾಗುತ್ತದೆ ಎಂದು ಪಾನ್ ಸಲಹೆ ಕೊಟ್ಟರು. 1976ರಲ್ಲಿ ಆರ್‌ಸಿಎ ಜೊತೆ ಒಪ್ಪಂದವಾಯಿತು. ಅದರಲ್ಲಿ ದೊರೆತ 7 ಮೈಕ್ರಾನ್ ತಂತ್ರಜ್ಞಾನ ಆಗಲೇ ಹಳತಾಗಿತ್ತು. ಹಳೆಯ ಸರಕಿಗೆ ಸಾರ್ವಜನಿಕ ಹಣವೇಕೆ ಎಂದು ಯಾರಾದರೂ ಕೇಳಿದ್ದರೆ ಅದು ನ್ಯಾಯವಾದ ಪ್ರಶ್ನೆಯೇ. ಉತ್ತರ ಒಪ್ಪಂದದ ಇನ್ನೊಂದು ಭಾಗದಲ್ಲಿತ್ತು. ಆ ದುಡ್ಡಿನಲ್ಲಿ ತರುಣ ಇಂಜಿನಿಯರುಗಳ ತಂಡಗಳು ಅಮೆರಿಕಕ್ಕೆ ಹೋಗಿ, ಆರ್‌ಸಿಎ ಕಾರ್ಖಾನೆಗಳೊಳಗೆ ವಿನ್ಯಾಸ, ತಯಾರಿಕೆ, ಪರೀಕ್ಷೆ ಎಲ್ಲವನ್ನೂ ಕೈಯಾರೆ ಮಾಡಿ ಕಲಿತವು. 1977ರಲ್ಲಿ ಸಿಂಚು ನಗರದಲ್ಲಿ ಮಾದರಿ ಕಾರ್ಖಾನೆ ಶುರುವಾಗಿ ತಿಂಗಳುಗಳು ಕಳೆಯುವಷ್ಟರಲ್ಲಿ, ಕೆಡದೆ ಸರಿಯಾಗಿ ಬರುವ ಚಿಪ್‌ಗಳ ಪ್ರಮಾಣದಲ್ಲಿ ಶಿಷ್ಯರು ಗುರುವನ್ನು ಮೀರಿಸಿದ್ದರು. ಮೊದಲು ಮಾಡಿದ್ದು ಕೈಗಡಿಯಾರಕ್ಕೆ ಬೇಕಾದ ಸಾಧಾರಣ ಚಿಪ್‌ಗಳನ್ನು. ಸಾಧಾರಣ ವಸ್ತುವನ್ನು ಲಕ್ಷಗಟ್ಟಲೆ ತಪ್ಪಿಲ್ಲದೆ ಮಾಡುವುದರಲ್ಲೇ ಆ ಕೈಗಳು ಪಳಗಿದವು.

ಮುಂದಿನ ಹೆಜ್ಜೆಯನ್ನು ನಾನು ಇನ್ನೂ ದೊಡ್ಡದೆಂದು ಎಣಿಸುತ್ತೇನೆ. ಇಷ್ಟು ಪಳಗಿದ ಜನರನ್ನು ಸರ್ಕಾರಿ ಸಂಸ್ಥೆ ತನ್ನಲ್ಲೇ ಕಟ್ಟಿಹಾಕಿಕೊಳ್ಳಲಿಲ್ಲ. 1980ರಲ್ಲಿ ಚಿಪ್ ತಯಾರಿಸುವ ಯುಎಂಸಿ ಕಂಪನಿ ಅದರೊಳಗಿಂದಲೇ ಹುಟ್ಟಿ ಹೊರಬಂತು. ಅದೇ ವರ್ಷ ಎರಡು ತಾಂತ್ರಿಕ ವಿಶ್ವವಿದ್ಯಾಲಯಗಳ ಮಗ್ಗುಲಲ್ಲಿ ಸಿಂಚು ವಿಜ್ಞಾನ ಪಾರ್ಕ್ ತೆರೆಯಿತು. ಟೆಕ್ಸಾಸ್ ಇನ್‌ಸ್ಟ್ರುಮೆಂಟ್ಸ್‌ನಲ್ಲಿ 25 ವರ್ಷ ದುಡಿದಿದ್ದ ಮಾರಿಸ್ ಚಾಂಗ್ ಅವರನ್ನು ಕರೆತಂದು ಸಂಶೋಧನಾ ಸಂಸ್ಥೆಯ ಹೊಣೆ ಒಪ್ಪಿಸಲಾಯಿತು. 1987ರಲ್ಲಿ ಅವರು ಟಿಎಸ್‌ಎಂಸಿ ಎಂಬ ಚಿಪ್ ಕಂಪನಿ ಆರಂಭಿಸಿದಾಗ ಸರ್ಕಾರ ಶೇ. 48ರಷ್ಟು ಬಂಡವಾಳ ಹಾಕಿತು, ಫಿಲಿಪ್ಸ್ ಶೇ. 27.5 ಕೊಟ್ಟಿತು, ಹಿಂದೆಮುಂದೆ ನೋಡುತ್ತಿದ್ದ ಸ್ಥಳೀಯ ಶ್ರೀಮಂತರನ್ನು ಸರ್ಕಾರವೇ ಒತ್ತಾಯಿಸಿ ಒಪ್ಪಿಸಬೇಕಾಯಿತು. ಇಲ್ಲಿನ ಹೊಸತನ ಯಾವ ಪ್ರಯೋಗಾಲಯದ್ದೂ ಅಲ್ಲ. ಸ್ವಂತ ಚಿಪ್ ಮಾರದೆ, ಬೇರೆಯವರು ವಿನ್ಯಾಸ ಮಾಡಿದ್ದನ್ನು ಮಾತ್ರ ತಯಾರಿಸಿಕೊಡುತ್ತೇವೆ ಎಂಬ ವ್ಯವಹಾರದ ಕ್ರಮವೇ ಆ ಹೊಸತನ. ಅದರಿಂದಾಗಿ ಕಾರ್ಖಾನೆಯೇ ಇಲ್ಲದ ಎನ್‌ವಿಡಿಯಾ, ಕ್ವಾಲ್ಕಾಮ್‌ನಂಥ ಕಂಪನಿಗಳು ಬೆಳೆಯಲು ಸಾಧ್ಯವಾಯಿತು.

ಸರ್ಕಾರ ಹೀಗೆ ಹಣ ಹೂಡುವುದಕ್ಕೆ ಬರುವ ಆಕ್ಷೇಪಗಳು ಹಗುರವಾದವಲ್ಲ. ಗೆಲ್ಲುವ ಕುದುರೆ ಯಾವುದೆಂದು ಸರ್ಕಾರಕ್ಕೆ ಗೊತ್ತಾಗುವುದಿಲ್ಲ ಎನ್ನುತ್ತಾರೆ. ನಿಜ, ತೈವಾನಿಗೂ ಗೊತ್ತಾಗಿರಲಿಲ್ಲ. 2002ರಲ್ಲಿ ಅಲ್ಲಿನ ಸರ್ಕಾರ ದೊಡ್ಡ ಗುರಿಯಿಟ್ಟು ಬೆಂಬಲಿಸಿದ ಉದ್ಯಮಗಳಲ್ಲಿದ್ದ ಮೆಮೊರಿ ಚಿಪ್ ಕಂಪನಿಗಳು 2008ರ ಹೊತ್ತಿಗೆ ಸಾಲದಲ್ಲಿ ಮುಳುಗಿದ್ದವು. ಅವುಗಳಲ್ಲಿ ಪವರ್‌ಚಿಪ್ ಕೂಡ ಒಂದು. ಅದು ಮೆಮೊರಿಯನ್ನೇ ನಂಬಿ ಕೂರದೆ ಬೇರೆಯವರ ಚಿಪ್ ತಯಾರಿಸಿಕೊಡುವ ಕೆಲಸಕ್ಕೆ ಹೊರಳಿ ಬದುಕಿಕೊಂಡಿತು. ಇನ್ನೊಂದು ಆಕ್ಷೇಪ, ಇದೆಲ್ಲ 1987ರವರೆಗೆ ಸೇನಾ ಶಾಸನವಿದ್ದ ನಾಡಿನಲ್ಲಿ ಸಾಧ್ಯವಾಯಿತು, ಪ್ರಜಾಪ್ರಭುತ್ವಕ್ಕೆ ಆಗದು ಎಂಬುದು. ಮೊದಲ ಹಂತದ ಮಟ್ಟಿಗೆ ಇದರಲ್ಲಿ ಸತ್ಯಾಂಶವಿದೆ. ಆದರೆ ಮೆಮೊರಿ ಕಂಪನಿಗಳನ್ನು ಒಗ್ಗೂಡಿಸಲು 2009ರಲ್ಲಿ ಸರ್ಕಾರ ಹೊಸ ಕಂಪನಿಯೊಂದಕ್ಕೆ ಹಣ ಕೊಡಹೊರಟಾಗ ತಡೆದದ್ದು ಚುನಾಯಿತ ಶಾಸಕರು. ಸೋಲುತ್ತಿರುವುದಕ್ಕೆ ಹಣ ನಿಲ್ಲಿಸುವ ಧೈರ್ಯ ಜನಪ್ರತಿನಿಧಿಗಳಿಗೆ ಇರಬಲ್ಲದು ಎಂದಾಯಿತು.

ನಮ್ಮ ದೇಶವೂ ಇದನ್ನು ಪ್ರಯತ್ನಿಸಿ ಸೋತಿತಲ್ಲ ಎಂಬುದು ನಮಗೆ ಹತ್ತಿರದ ಆಕ್ಷೇಪ. ಬೆಂಗಳೂರಿನ ಬಿಇಎಲ್ 1960ರ ದಶಕದಲ್ಲೇ ಟ್ರಾನ್ಸಿಸ್ಟರ್ ಮಾಡುತ್ತಿತ್ತು. ಮೊಹಾಲಿಯ ಸರ್ಕಾರಿ ಸೆಮಿಕಂಡಕ್ಟರ್ ಕಾರ್ಖಾನೆ 1984ರಲ್ಲಿ 5 ಮೈಕ್ರಾನಿನಿಂದ ಆರಂಭಿಸಿ ಇನ್ನೂ ಸೂಕ್ಷ್ಮವಾದ 0.8 ಮೈಕ್ರಾನಿನವರೆಗೆ ಬಂದಿತ್ತು. 1989ರ ಫೆಬ್ರವರಿಯಲ್ಲಿ ಬೆಂಕಿ ಬಿದ್ದು ಎಲ್ಲ ಹೋಯಿತು. ಆ ಬೆಂಕಿಯನ್ನೇ ಕಾರಣವೆಂದು ಹೇಳುವುದು ರೂಢಿ. ನನಗೆ ಅಷ್ಟು ಸಾಲದು. 1997ರಲ್ಲಿ ಸಿಂಚುವಿನಲ್ಲೂ ಒಂದು ಹೊಸ ಕಾರ್ಖಾನೆ ಸುಟ್ಟಿತು. ಅಲ್ಲಿ ಉದ್ಯಮ ನಿಲ್ಲಲಿಲ್ಲ, ಏಕೆಂದರೆ ಅಕ್ಕಪಕ್ಕದಲ್ಲೇ ಬೇರೆ ಕಾರ್ಖಾನೆಗಳಿದ್ದವು, ಅದೇ ಕೆಲಸ ಬಲ್ಲ ಜನರಿದ್ದರು. ನಾವು ಎಲ್ಲವನ್ನೂ ಒಂದೇ ಸೂರಿನಡಿ, ಒಂದೇ ಇಲಾಖೆಯ ಕೈಯಲ್ಲಿ ಇಟ್ಟಿದ್ದೆವು; ಅಲ್ಲಿಂದ ಎರಡನೆಯದು, ಮೂರನೆಯದು ಹುಟ್ಟಲು ಅವಕಾಶವನ್ನೇ ಮಾಡಿರಲಿಲ್ಲ.

ತೈವಾನನ್ನು ಹೊಗಳುವಾಗ ಮರೆಯಬಾರದ ಸಂಗತಿ ಒಂದಿದೆ. ಇದೇ ಆರ್‌ಸಿಎ ತಾವೊಯುವಾನ್‌ನಲ್ಲಿ ಸ್ಥಾಪಿಸಿದ, 1992ರವರೆಗೆ ನಡೆದ ಎಲೆಕ್ಟ್ರಾನಿಕ್ಸ್ ಕಾರ್ಖಾನೆಯ ದ್ರಾವಕಗಳು ಅಲ್ಲಿನ ಅಂತರ್ಜಲಕ್ಕೆ ಸೇರಿದ್ದವು. ಕ್ಯಾನ್ಸರಿಗೆ ತುತ್ತಾದ ಕಾರ್ಮಿಕರು, ಅವರಲ್ಲಿ ಬಹಳಷ್ಟು ಹೆಣ್ಣುಮಕ್ಕಳು, ವರ್ಷಾನುಗಟ್ಟಲೆ ಹೋರಾಡಿದ ಮೇಲೆ 2015ರಲ್ಲಿ ಪರಿಹಾರದ ತೀರ್ಪು ಬಂತು. ತಂತ್ರಜ್ಞಾನವನ್ನು ಕರೆಯುವ ನೀತಿಯಲ್ಲಿ ನೀರಿನ, ಕಾರ್ಮಿಕರ ಆರೋಗ್ಯದ ಷರತ್ತುಗಳು ಮೊದಲ ದಿನದಿಂದಲೇ ಇರಬೇಕು.

ಇನ್ನು ನಮ್ಮ ಕಡೆಗೆ ಬಂದರೆ, 1985ರಲ್ಲಿ ಟೆಕ್ಸಾಸ್ ಇನ್‌ಸ್ಟ್ರುಮೆಂಟ್ಸ್ ಬೆಂಗಳೂರಿಗೆ ಬಂದಂದಿನಿಂದ ಇಲ್ಲಿ ಚಿಪ್ ವಿನ್ಯಾಸ ಬಲ್ಲವರು ದೊಡ್ಡ ಸಂಖ್ಯೆಯಲ್ಲಿ ಬೆಳೆದಿದ್ದಾರೆ. ಕೊರತೆಯಿರುವುದು ಕಾರ್ಖಾನೆಯೊಳಗಿನ ಅನುಭವಕ್ಕೆ. ಚಿಪ್ ಕಾರ್ಖಾನೆಯ ವೆಚ್ಚದಲ್ಲಿ ಅರ್ಧದಷ್ಟನ್ನು ಕೇಂದ್ರವೇ ಭರಿಸಲು ಮುಂದಾಗಿರುವಾಗ, ತರಬೇತಿಗೆ ಹೊರದೇಶಕ್ಕೆ ಹೋಗುವವರು ಎಷ್ಟು ಮಂದಿ, ಯಾವ ಪಾಲಿಟೆಕ್ನಿಕ್‌ನಿಂದ, ಎಷ್ಟು ಕಾಲಕ್ಕೆ ಎಂಬುದು ಒಪ್ಪಂದದ ಪತ್ರದಲ್ಲೇ ಇರಲಿ ಎಂದು ಇಲ್ಲಿರುವ ಅಧಿಕಾರಿಗಳನ್ನು ಕೇಳಿಕೊಳ್ಳುತ್ತೇನೆ. ಸಣ್ಣ ಕಂಪನಿಗಳು ತಮ್ಮ ವಿನ್ಯಾಸವನ್ನು ಕಡಿಮೆ ಖರ್ಚಿನಲ್ಲಿ ಮಾಡಿಸಿ ನೋಡಲು ಸಾರ್ವಜನಿಕ ಕಾರ್ಖಾನೆಗಳು ಬಾಗಿಲು ತೆರೆಯಲಿ. ವಿದ್ಯಾರ್ಥಿಗಳೇ, ಪ್ರತಿ ಮಳಿಗೆಯಲ್ಲೂ ಇದರಲ್ಲಿ ಯಾವ ಭಾಗ ಇಲ್ಲೇ ತಯಾರಾಯಿತು, ಮಾಡಿದವರು ಎಲ್ಲಿ ಕಲಿತರು, ಹೊರಗೆ ಯಾರು ಕೊಳ್ಳುತ್ತಾರೆ ಎಂದು ಸಂಕೋಚವಿಲ್ಲದೆ ಕೇಳಿ. ಉದ್ಯಮಿಗಳು ಪುರುಸೊತ್ತು ಮಾಡಿಕೊಂಡು ಉತ್ತರಿಸುತ್ತಾರೆಂಬ ಭರವಸೆಯಿಂದ ಈ ಪ್ರದರ್ಶನವನ್ನು ಸಂತೋಷದಿಂದ ಉದ್ಘಾಟಿಸುತ್ತಿದ್ದೇನೆ.