ಮ್ಯೂಸಿಯಂ ನೋಡೋಣ, ಬನ್ನಿ
(ಕಲಿಕಾ ಕೇಂದ್ರಗಳ ಮಹಿಳೆಯರ ಮುಂದೆ ಆಡಿದ ಮಾತು)



ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ. ಈ ನಾಲ್ಕೂ ತಾಲ್ಲೂಕುಗಳಿಂದ ಬಂದಿದ್ದೀರಿ. ಹೊಲ ಬಿಟ್ಟು ಬಂದಿದ್ದೀರಿ. ಒಲೆ ಆರಿಸಿ ಬಂದಿದ್ದೀರಿ. ಕಂಕುಳಲ್ಲಿ ಕೂಸು ಎತ್ತಿಕೊಂಡು ಬಂದವರೂ ಇದ್ದೀರಿ. ನಿಮ್ಮ ಹೊತ್ತು ದೊಡ್ಡದು. ಅದಕ್ಕೇ ಕೆಲಸಕ್ಕೆ ಬರುವ ಮಾತನ್ನೇ ಆಡ್ತೇವೆ.

ಇವತ್ತಿನ ಮಾತು ಒಂದು ಪ್ರವಾಸದ್ದು. ನಾವು ಮೈಸೂರಿಗೆ ಹೋಗಿದ್ದೆವು. ಅರಮನೆ ನೋಡೋಕೆ ಅಲ್ಲ. ಒಂದು ಮ್ಯೂಸಿಯಂ ನೋಡೋಕೆ. ಅಲ್ಲಿ ಏನಿದೆ? ಅದನ್ನು ನೋಡಿದರೆ ನಮಗೇನು ಸಿಗುತ್ತೆ? ಅದನ್ನೇ ಹೇಳ್ತೇವೆ.

ಇದು ಯಾವ ಮ್ಯೂಸಿಯಂ?

ಮ್ಯೂಸಿಯಂ ಅಂದರೆ ಸಂಗ್ರಹಾಲಯ. ನೋಡಬೇಕಾದ ವಸ್ತುಗಳನ್ನು ಕೂಡಿಟ್ಟ ಮನೆ. ರಾಜರ ಕತ್ತಿ, ಹಳೇ ನಾಣ್ಯ, ಶಾಸನ ಇಟ್ಟ ಮ್ಯೂಸಿಯಂಗಳಿವೆ. ಅವು ಮನುಷ್ಯರ ಕತೆ ಹೇಳುತ್ತವೆ.

ನಾವೆಲ್ಲ ದುರ್ಗದ ಕೋಟೆ ನೋಡಿದವರೇ. ಓಬವ್ವನ ಕಿಂಡಿ ನೋಡಿದವರೇ. ಕೋಟೆ ಕಟ್ಟಿದವರು ಯಾರು ಅಂತ ಕೇಳಿದ್ದೇವೆ. ಆದರೆ ಕೋಟೆ ನಿಂತ ಬಂಡೆ ಯಾವ ಕಾಲದ್ದು? ಅದನ್ನು ಕೇಳಿದವರು ಎಷ್ಟು ಜನ? ಆ ಬಂಡೆಗೆ 200 ಕೋಟಿ ವರ್ಷಕ್ಕೂ ಮೇಲೆ ವಯಸ್ಸು. ಬಂಡೆ, ಮಣ್ಣು, ಗಿಡ, ಹುಳ, ಹಾವು, ಹಕ್ಕಿ, ಪ್ರಾಣಿ. ಇವುಗಳ ಕತೆ ಹೇಳುವ ಮ್ಯೂಸಿಯಂ ಬೇರೆ ಇದೆ.

ಅಂಥದ್ದೊಂದು ಮೈಸೂರಿನಲ್ಲಿದೆ. ಕಾರಂಜಿ ಕೆರೆಯ ಪಕ್ಕದಲ್ಲೇ ಇದೆ. ಅದರ ಹೆಸರು ಪ್ರಾದೇಶಿಕ ಪ್ರಾಕೃತಿಕ ವಿಜ್ಞಾನ ಸಂಗ್ರಹಾಲಯ. ಹೆಸರು ಉದ್ದ. ಕೂಡಿಸಿ ಓದಿದರೆ ಬರುತ್ತೆ. 1995ರ ಮೇ 20ರಂದು ಇದು ಶುರುವಾಯಿತು. ಇದು ಕೇಂದ್ರ ಸರ್ಕಾರದ್ದು. ಅಂದರೆ ನಮ್ಮೆಲ್ಲರದ್ದು.

ದಿಲ್ಲಿಯಲ್ಲೂ ಇಂಥ ಮ್ಯೂಸಿಯಂ ಇತ್ತು. 1978ರಲ್ಲಿ ಶುರುವಾಗಿತ್ತು. 2016ರ ಏಪ್ರಿಲ್ 26ರಂದು ಬೆಂಕಿ ಬಿತ್ತು. ಎಷ್ಟೋ ವರ್ಷ ಕೂಡಿಟ್ಟದ್ದು ಒಂದೇ ರಾತ್ರಿ ಸುಟ್ಟುಹೋಯಿತು. ಇದ್ದಾಗಲೇ ನೋಡಬೇಕು. ಇದ್ದಾಗಲೇ ಕಾಪಾಡಬೇಕು.

ತೋರಿಸುವವರು ಇರುತ್ತಾರೆ

ಗುಂಪಾಗಿ ಹೋದರೆ ಜೊತೆಗೆ ಒಬ್ಬರು ಬಂದು ವಿವರ ಹೇಳುವುದುಂಟು. ಅವರನ್ನು ಗೈಡ್ ಅಂತಾರೆ. ಗೈಡ್ ಬೇಕಾದರೆ ಮೊದಲೇ ಕೇಳಿಕೊಳ್ಳಬೇಕು.

ಗೈಡ್ ಅಂದರೆ ಮೇಷ್ಟ್ರಲ್ಲ. ಅವರು ನಮಗೆ ಪರೀಕ್ಷೆ ಇಡೋದಿಲ್ಲ. ನಾವೇ ಅವರನ್ನು ಕೇಳಬಹುದು. ಬೇಗ ಬೇಗ ಹೇಳಿದರೆ, "ಅಣ್ಣಾ, ಸ್ವಲ್ಪ ನಿಧಾನ" ಅನ್ನಿ. ಇಂಗ್ಲಿಷ್ ಮಾತು ಬಂದರೆ, "ಕನ್ನಡದಾಗೆ ಹೇಳ್ರಿ" ಅನ್ನಿ. ನಗುವವರು ನಗಲಿ. ಕೇಳಿದವರಿಗೇ ಗೊತ್ತಾಗೋದು.

ಇನ್ನೊಂದು ಮಾತು. ಗೈಡ್ ಹೇಳಿದ್ದಷ್ಟೇ ಕೇಳಿ ಮುಂದೆ ಹೋಗಬೇಡಿ. ಪಕ್ಕದಲ್ಲಿ ಫಲಕ ಇರುತ್ತೆ. ನಿಂತುಕೊಂಡು ಓದಿ. ನಮ್ಮ ಜೊತೆ ಬಂದ ಒಬ್ಬ ಅಕ್ಕ ಮೊದಲ ಫಲಕ ಓದೋಕೆ ತುಂಬಾ ಹೊತ್ತು ತಗೊಂಡರು. ಅಕ್ಷರದ ಮೇಲೆ ಬೆರಳಿಟ್ಟು ಓದಿದರು. ಹಿಂದೆ ನಿಂತವರು ಸುಮ್ಮನೆ ಕಾದರು. ಎರಡನೇ ಫಲಕ ಬೇಗ ಆಯ್ತು. ಐದನೇದಕ್ಕೆ ಅವರೇ ಎಲ್ಲರಿಗೂ ಓದಿ ಹೇಳಿದರು.

ಭೂಮಿಯ ವಯಸ್ಸು ಮತ್ತು ಒಂದು ಸೀರೆ

ಇಂಥ ಮ್ಯೂಸಿಯಂನಲ್ಲಿ ಮೊದಲು ಕಾಣುವ ಸಂಗತಿ ಭೂಮಿಯ ಕತೆ. ಭೂಮಿ ಹುಟ್ಟಿ ಸುಮಾರು 454 ಕೋಟಿ ವರ್ಷ ಆಯ್ತು. ಅಷ್ಟು ದೊಡ್ಡ ಲೆಕ್ಕ ತಲೆಗೆ ಹತ್ತೋದಿಲ್ಲ. ಅದಕ್ಕೆ ನಾವು ಒಂದು ಸೀರೆ ಇಟ್ಟುಕೊಂಡು ಲೆಕ್ಕ ಹಾಕಿದೆವು. ನಮ್ಮ ಜಿಲ್ಲೆಯ ಮೊಳಕಾಲ್ಮೂರು ಸೀರೆ ಅಂತಲೇ ಇಟ್ಟುಕೊಳ್ಳಿ. ಆರು ಗಜ.

ಸೀರೆಯ ಒಳಗಿನ ತುದಿ ಭೂಮಿ ಹುಟ್ಟಿದ ದಿನ. ಸೆರಗಿನ ತುದಿ ಇವತ್ತಿನ ದಿನ.

ಡೈನೋಸಾರ್ ಅನ್ನೋ ಪ್ರಾಣಿಗಳು ಭೂಮಿ ಮೇಲೆ ಇದ್ದವು. ಕೆಲವು ಆನೆಗಿಂತ ಎಷ್ಟೋ ಪಾಲು ದೊಡ್ಡವು. ಕೆಲವು ಕೋಳಿಯಷ್ಟೇ ಸಣ್ಣವು. ಆ ದೊಡ್ಡ ಪ್ರಾಣಿಗಳು ಅಳಿದು 6 ಕೋಟಿ 60 ಲಕ್ಷ ವರ್ಷ ಆಯ್ತು. ಸೀರೆಯಲ್ಲಿ ಅದು ಎಲ್ಲಿ ಬರುತ್ತೆ? ಸೆರಗಿನ ತುದಿಯಿಂದ ನಾಲ್ಕು ಬೆರಳು ಒಳಗೆ. ಅಷ್ಟೇ.

ನಮ್ಮಂಥ ಮನುಷ್ಯರು ಹುಟ್ಟಿ ಸುಮಾರು 3 ಲಕ್ಷ ವರ್ಷ. ಸೀರೆಯಲ್ಲಿ ಅದು ಸೆರಗಿನ ಕೊನೆಯ ಒಂದೆರಡು ನೂಲಿನಷ್ಟೇ.

ಇದನ್ನು ಕೇಳಿ ಒಬ್ಬ ಅಜ್ಜಿ ಅಂದರು, "ಇಷ್ಟು ದಿನ ಎಲ್ಲಾ ನಮ್ಮದೇ ಅಂದ್ಕೊಂಡಿದ್ವಲ್ಲವ್ವಾ." ಆ ಮಾತು ನಿಜ. ಭೂಮಿಗೆ ನಾವು ಕೊನೆಗೆ ಬಂದ ನೆಂಟರು.

ಡೈನೋಸಾರ್ ಇದ್ದದ್ದು ಹೇಗೆ ಗೊತ್ತಾಯ್ತು? ಅವುಗಳ ಮೂಳೆ, ಮೊಟ್ಟೆ ಮಣ್ಣಲ್ಲಿ ಹೂತು ಕಲ್ಲಾಗಿವೆ. ಅದಕ್ಕೆ ಪಳೆಯುಳಿಕೆ ಅಂತಾರೆ. ಗುಜರಾತಿನ ರೈಯೋಲಿ ಅನ್ನೋ ಹಳ್ಳಿಯಲ್ಲಿ ಅಂಥ ಮೊಟ್ಟೆ ಸಿಕ್ಕಿವೆ. ಮಧ್ಯಪ್ರದೇಶದ ಧಾರ್ ಜಿಲ್ಲೆಯದು ಇನ್ನೊಂದು ಸುದ್ದಿ. 2023ರಲ್ಲಿ ಪತ್ರಿಕೆಗಳಲ್ಲಿ ಬಂತು. ಅಲ್ಲಿನ ಜನ ಗುಂಡುಕಲ್ಲುಗಳನ್ನು ಕುಲದೇವರು ಅಂತ ಪೂಜೆ ಮಾಡ್ತಿದ್ದರು. ವಿಜ್ಞಾನಿಗಳು ಬಂದು ನೋಡಿದರು. ಅವು ಡೈನೋಸಾರ್ ಮೊಟ್ಟೆ ಅಂದರು. ಪೂಜೆ ಮಾಡಿದ್ದಕ್ಕೆ ಅವು ಒಡೆಯದೆ ಉಳಿದವು. ಕಾಪಾಡಿದವರು ಹಳ್ಳಿಯವರೇ.

ಇವು ಜೀವ ಇರುವ ಪ್ರಾಣಿಗಳಲ್ಲ

ಮುಂದೆ ಹೋದರೆ ಕಾಡು. ಮನೆಯೊಳಗೇ ಮಾಡಿದ ಕಾಡು. ಮರ, ಬಳ್ಳಿ, ಹಕ್ಕಿ, ಪ್ರಾಣಿ. ಅದರ ನಡುವೆ ನಡೆದು ಹೋಗಬಹುದು. ಮಕ್ಕಳು ಮೊದಲು ಹೆದರುತ್ತಾರೆ. ಆಮೇಲೆ ಬಿಟ್ಟು ಬರೋಲ್ಲ.

ಇಲ್ಲಿರುವುದೆಲ್ಲ ಮಾಡಿಟ್ಟ ರೂಪ. ಕೆಲವು ಮ್ಯೂಸಿಯಂಗಳಲ್ಲಿ ಸತ್ತ ಪ್ರಾಣಿಯ ಚರ್ಮ ಹದ ಮಾಡಿ, ಒಳಗೆ ಅಚ್ಚು ಇಟ್ಟು ನಿಲ್ಲಿಸುತ್ತಾರೆ. ಮೈಸೂರಿನ ವ್ಯಾನ್ ಇಂಗೆನ್ ಮನೆತನದವರು ಈ ಕೆಲಸಕ್ಕೆ ಹೆಸರಾಗಿದ್ದರು. ಆಗ ರಾಜರು, ದೊರೆಗಳು ಹುಲಿ ಹೊಡೆದು ತರುತ್ತಿದ್ದರು. 1972ರಲ್ಲಿ ವನ್ಯಜೀವಿ ಕಾಯಿದೆ ಬಂತು. ಈಗ ಹುಲಿ ಹೊಡೆದರೆ ಜೈಲು.

ಹಾವಿನ ಮುಂದೆ ಸ್ವಲ್ಪ ಹೊತ್ತು ನಿಲ್ಲಿ

ಪ್ರಾಣಿಗಳ ಮ್ಯೂಸಿಯಂಗೆ ಹೋದಾಗ ಹಾವುಗಳ ಬಗ್ಗೆ ಕೇಳಲೇಬೇಕು. ನಮ್ಮ ಕೆಲಸ ಹೊಲದಲ್ಲಿ. ಶೇಂಗಾ ಕೀಳೋದು, ಹುಲ್ಲು ಕೊಯ್ಯೋದು, ಸೌದೆ ತರೋದು. ಹಾವು ಇರೋದೂ ಅಲ್ಲೇ. ನಮ್ಮ ದೇಶದಲ್ಲಿ ಹಾವು ಕಚ್ಚಿ ವರ್ಷಕ್ಕೆ ಸುಮಾರು 58,000 ಜನ ಸಾಯ್ತಾರೆ. ಹೆಚ್ಚಿನವರು ಹಳ್ಳಿಯವರು.

ಎಲ್ಲ ಹಾವಿಗೂ ವಿಷ ಇಲ್ಲ. ಕೇರೆಹಾವಿಗೆ ವಿಷ ಇಲ್ಲ. ಅದು ಇಲಿ ತಿನ್ನುತ್ತೆ. ಇಲಿ ನಮ್ಮ ಕಾಳು ತಿನ್ನುತ್ತೆ. ಕೇರೆಹಾವು ಹೊಡೆದರೆ ಇಲಿಗೆ ಹಬ್ಬ.

ಹೆಚ್ಚು ಸಾವು ತರುವ ಹಾವುಗಳು ನಾಲ್ಕು. ನಾಗರಹಾವು. ಕಟ್ಟುಹಾವು. ಕೊಳಕುಮಂಡಲ. ಗರಗಸ ಮಂಡಲ. ಇವುಗಳ ಬಣ್ಣ, ಪಟ್ಟೆ, ತಲೆ ನೋಡಿ ನೆನಪಿಡಿ. ಕಟ್ಟುಹಾವು ರಾತ್ರಿ ಹೊತ್ತು ಮನೆಯೊಳಗೇ ಬರುತ್ತೆ. ನೆಲದ ಮೇಲೆ ಮಲಗಿದವರಿಗೆ ಕಚ್ಚುತ್ತೆ. ಎಷ್ಟೋ ಸಲ ನೋವೇ ಗೊತ್ತಾಗಲ್ಲ. ಸೊಳ್ಳೆಪರದೆ ಕಟ್ಟಿ, ಅಂಚು ಚಾಪೆ ಕೆಳಗೆ ಸಿಕ್ಕಿಸಿ ಮಲಗಿ. ಹಾವೂ ಬರೋಲ್ಲ, ಸೊಳ್ಳೆನೂ ಬರೋಲ್ಲ.

ಹಾವು ಕಚ್ಚಿದರೆ ಏನು ಮಾಡಬೇಕು?

ಓಡಿಸಬೇಡಿ, ನಡೆಸಬೇಡಿ. ಕಚ್ಚಿಸಿಕೊಂಡವರನ್ನು ಮಲಗಿಸಿ. ಧೈರ್ಯ ಹೇಳಿ.
ಬಳೆ, ಉಂಗುರ, ಕಾಲುಂಗುರ, ಕಾಲ್ಗೆಜ್ಜೆ ಕೂಡಲೇ ತೆಗೆಯಿರಿ. ಬಾವು ಬಂದ ಮೇಲೆ ಅವು ಬರೋಲ್ಲ. ರಕ್ತ ನಿಂತು ಬೆರಳೇ ಹೋಗಬಹುದು. ಕಾಲುಂಗುರ ತೆಗೆದರೆ ಗಂಡನಿಗೆ ಕೆಟ್ಟದ್ದು ಅಂತ ಯಾರಾದರೂ ಅಂದರೆ ಕೇಳಬೇಡಿ. ಜೀವ ಮೊದಲು.
ಕೊಯ್ಯಬೇಡಿ. ಬಾಯಿಂದ ಹೀರಬೇಡಿ. ಹಗ್ಗದಿಂದ ಬಿಗಿದು ಕಟ್ಟಬೇಡಿ.
ಮಂತ್ರ, ನಾಟಿ ಔಷಧಿ ಅಂತ ಹೊತ್ತು ಕಳೆಯಬೇಡಿ. ಹೋದ ಹೊತ್ತು ತಿರುಗಿ ಬರೋಲ್ಲ.
ಸರ್ಕಾರಿ ಆಸ್ಪತ್ರೆಗೆ ಕರೆದೊಯ್ಯಿರಿ. 108ಕ್ಕೆ ಫೋನ್ ಮಾಡಿ. ಹಾವು ಹಿಡಿಯೋಕೆ ಹೋಗಬೇಡಿ.

ಆಸ್ಪತ್ರೆಯಲ್ಲಿ ವಿಷಕ್ಕೆ ಮದ್ದು ಇದೆ. ಕುದುರೆಗೆ ಸ್ವಲ್ಪ ಸ್ವಲ್ಪ ಹಾವಿನ ವಿಷ ಕೊಡುತ್ತಾರೆ. ಅದರ ರಕ್ತದಲ್ಲಿ ವಿಷ ತಡೆಯುವ ಶಕ್ತಿ ಬರುತ್ತೆ. ಆ ರಕ್ತದಿಂದ ಮದ್ದು ಮಾಡುತ್ತಾರೆ. ಈ ನಾಲ್ಕೂ ಹಾವಿಗೆ ಅದೇ ಮದ್ದು. 2024ರಲ್ಲಿ ಕರ್ನಾಟಕ ಸರ್ಕಾರ ಒಂದು ನಿಯಮ ಮಾಡಿತು. ಹಾವು ಕಚ್ಚಿದ ಪ್ರತಿ ಪ್ರಕರಣವನ್ನೂ ಆಸ್ಪತ್ರೆಯವರು ಸರ್ಕಾರಕ್ಕೆ ತಿಳಿಸಬೇಕು. ಲೆಕ್ಕ ಸಿಕ್ಕರೆ ಎಲ್ಲಿ ಎಷ್ಟು ಮದ್ದು ಬೇಕು ಅಂತ ಗೊತ್ತಾಗುತ್ತೆ.

ರಣಹದ್ದು ಎಲ್ಲಿ ಹೋಯ್ತು?

ಅಜ್ಜಿಯರನ್ನು ಕೇಳಿ. ಹಿಂದೆ ದನ ಸತ್ತರೆ ರಣಹದ್ದು ಇಳಿಯುತ್ತಿದ್ದವು. ಈಗ ಕಾಣೋದಿಲ್ಲ. ಯಾಕೆ?

ದನಕ್ಕೆ ನೋವಿಗೆ ಅಂತ ಡೈಕ್ಲೋಫೆನಾಕ್ ಅನ್ನೋ ಔಷಧಿ ಕೊಡುತ್ತಿದ್ದರು. ಆ ದನ ಸತ್ತರೆ ಮಾಂಸದಲ್ಲಿ ಔಷಧಿ ಉಳಿಯುತ್ತಿತ್ತು. ಅದನ್ನು ತಿಂದ ಹದ್ದಿನ ಮೂತ್ರಪಿಂಡ ಕೆಟ್ಟು ಸಾಯುತ್ತಿತ್ತು. ಕೆಲವು ಜಾತಿಯ ಹದ್ದುಗಳಲ್ಲಿ ನೂರಕ್ಕೆ 95ಕ್ಕಿಂತ ಹೆಚ್ಚು ಹೋದವು. 2006ರಲ್ಲಿ ದನಗಳಿಗೆ ಈ ಔಷಧಿ ಕೊಡುವುದನ್ನು ಸರ್ಕಾರ ನಿಲ್ಲಿಸಿತು. 2012ರಲ್ಲಿ ರಾಮನಗರದ ರಾಮದೇವರ ಬೆಟ್ಟ ರಣಹದ್ದುಗಳ ಧಾಮ ಆಯ್ತು.

ಇಲ್ಲಿ ನಮ್ಮ ಕೆಲಸ ಏನು? ಎಮ್ಮೆಗೆ ಸೂಜಿ ಚುಚ್ಚುವ ಮುಂಚೆ ಬಾಟಲಿ ಕೇಳಿ ಹೆಸರು ಓದಿ. ಹೆಸರು ಇಂಗ್ಲಿಷಲ್ಲಿ ಇದ್ದರೆ ಓದಿಸಿ ಕೇಳಿ. "ಡಾಕ್ಟ್ರೇ, ಇದು ಡೈಕ್ಲೋಫೆನಾಕ್ ಅಲ್ಲ ತಾನೇ?" ಅನ್ನಿ. ಕಲಿತ ಅಕ್ಷರ ಹೀಗೂ ಕೆಲಸಕ್ಕೆ ಬರುತ್ತೆ.

ನಮ್ಮ ಜಿಲ್ಲೆಯ ಬಯಲು ಮ್ಯೂಸಿಯಂ

ಎಲ್ಲರಿಗೂ ಮೈಸೂರಿಗೆ ಹೋಗೋಕೆ ಆಗಲಿಕ್ಕಿಲ್ಲ. ಬಸ್ಸಿಗೆ ದುಡ್ಡು ಬೇಕು. ಮನೆಯಲ್ಲಿ ಒಪ್ಪಬೇಕು. ಆದರೆ ಐಮಂಗಲಕ್ಕೆ ಹೋಗಬಹುದಲ್ಲ?

ಐಮಂಗಲದ ಹತ್ತಿರ ಮರಡಿಹಳ್ಳಿ ಇದೆ. ಅಲ್ಲಿ ವಿಚಿತ್ರ ಬಂಡೆಗಳಿವೆ. ದಿಂಬು ಒಟ್ಟಿದ ಹಾಗೆ ಕಾಣುತ್ತವೆ. ಅವಕ್ಕೆ ಸುಮಾರು 250 ಕೋಟಿ ವರ್ಷ. ನಮ್ಮ ಸೀರೆಯ ಲೆಕ್ಕದಲ್ಲಿ ನಡುಭಾಗಕ್ಕೆ ಬರುತ್ತವೆ.

ಅವು ದಿಂಬಿನ ಹಾಗೆ ಆದದ್ದು ಹೇಗೆ? ನೀವು ಬೆಲ್ಲದ ಪಾಕ ಮಾಡ್ತೀರಿ. ಹದ ನೋಡೋಕೆ ಒಂದು ತೊಟ್ಟು ತಣ್ಣೀರಿಗೆ ಬಿಡ್ತೀರಿ. ಅದು ಉಂಡೆ ಆಗುತ್ತೆ. ಇಲ್ಲೂ ಹಾಗೇ. ಭೂಮಿಯ ಒಳಗಿಂದ ಕರಗಿದ ಕಲ್ಲು ಉಕ್ಕಿತು. ಅದನ್ನು ಲಾವಾ ಅಂತಾರೆ. ಅದು ಉಕ್ಕಿದ್ದು ನೀರಿನೊಳಗೆ. ನೀರು ತಾಗಿ ಮೇಲೆ ಸಿಪ್ಪೆ ಕಟ್ಟಿತು. ಒಳಗೆ ಇನ್ನೂ ಬಿಸಿ. ಉಬ್ಬಿ, ಸಿಪ್ಪೆ ಒಡೆದು ಇನ್ನೊಂದು ದಿಂಬು ಆಯ್ತು. ಹೀಗೆ ಒಂದರ ಮೇಲೊಂದು.

ಹಾಗಾದರೆ ನೋಡ್ರವ್ವಾ, ಬಿಂದಿಗೆ ನೀರಿಗೆ ನಾವು ಮೈಲಿಗಟ್ಟಲೆ ನಡೆದ ನೆಲ ಇದು. ಒಂದು ಕಾಲಕ್ಕೆ ಇಲ್ಲೇ ನೀರು ತುಂಬಿ ನಿಂತಿತ್ತು. ಆ ಕತೆ ಬರೆದಿರೋದು ಕಲ್ಲಿನಲ್ಲಿ.

ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣ ಸಂಸ್ಥೆ ಇದನ್ನು ರಾಷ್ಟ್ರೀಯ ಸ್ಮಾರಕ ಅಂತ ಗುರುತಿಸಿದೆ. ಆ ಕಲ್ಲನ್ನು ಒಡೆಯಬಾರದು. ಮನೆಗೆ ತರಬಾರದು. ಮಕ್ಕಳಿಗೆ ಇದನ್ನು ಹೇಳಬೇಕಾದವರು ನಾವು.

ಹಿರಿಯೂರಿನ ಮಾರಿಕಣಿವೆ ಇದೆ. 1907ರಲ್ಲಿ ಕಟ್ಟಿ ಮುಗಿದ ಅಣೆಕಟ್ಟು. 1933ರಲ್ಲಿ ತುಂಬಿ ಕೋಡಿ ಹರಿದಿತ್ತು. ಮತ್ತೆ ಕೋಡಿ ಬಿದ್ದದ್ದು 2022ರಲ್ಲಿ. ಜೋಗಿಮಟ್ಟಿ ಕಾಡಿದೆ. ಚಿರತೆ, ಕರಡಿ, ನವಿಲು ಅಲ್ಲಿವೆ. ಇವೆಲ್ಲ ಬಾಗಿಲಿಲ್ಲದ ಮ್ಯೂಸಿಯಂಗಳು. ಇಲ್ಲಿ ಗೈಡ್ ಯಾರು? ನೀವೇ. ಯಾವ ಸೊಪ್ಪು ಯಾವ ಮಳೆಗೆ ಬರುತ್ತೆ ಅಂತ ನಿಮಗೆ ಗೊತ್ತು. ಅದನ್ನು ನೋಟ್‌ಬುಕ್ಕಲ್ಲಿ ಬರೆದಿಡಿ. ಹೇಳಿದ್ದು ಮರೆತುಹೋಗುತ್ತೆ. ಬರೆದದ್ದು ಉಳಿಯುತ್ತೆ.

ಹೋಗುವ ಮುಂಚೆ

ಮೈಸೂರಿನ ಮ್ಯೂಸಿಯಂಗೆ ಸೋಮವಾರ ರಜಾ. ಬೇರೆ ದಿನ ಹೋಗಿ. ಮೊದಲೇ ಕಾಗದ ಬರೆದೋ ಫೋನ್ ಮಾಡಿಯೋ ತಿಳಿಸಿ. ಕಾಗದವನ್ನು ನೀವೇ ಬರೆಯಿರಿ. ಗುಂಪಿನವರೆಲ್ಲ ಸಹಿ ಹಾಕಿ. ಹೆಬ್ಬೆಟ್ಟು ಬೇಡ. ಬುತ್ತಿ ಕಟ್ಟಿಕೊಳ್ಳಿ. ಒಂದು ಪುಸ್ತಕ, ಪೆನ್ಸಿಲ್ ಇಟ್ಟುಕೊಳ್ಳಿ.

"ಗೊಂಬೆ ನೋಡೋಕೆ ಅಷ್ಟು ದೂರ ಯಾಕೆ?" ಅಂತ ಮನೆಯಲ್ಲಿ ಕೇಳಬಹುದು. ಆಗ ಹೇಳಿ, "ಹಾವು ಕಚ್ಚಿದರೆ ಏನು ಮಾಡಬೇಕು ಅಂತ ಕಲಿಯೋಕೆ ಹೋಗ್ತೀವಿ. ಮಕ್ಕಳು ಕೇಳೋ ಪ್ರಶ್ನೆಗೆ ಉತ್ತರ ತರೋಕೆ ಹೋಗ್ತೀವಿ." ಆಗಲೂ ಬೇಡ ಅಂದರೆ, ಅವರನ್ನೂ ಜೊತೆಗೆ ಕರೆದುಕೊಂಡು ಹೋಗಿ.

 

ಮಾತಾಡೋಣ

1. ನಿಮ್ಮ ಊರಲ್ಲಿ ಹಾವು ಕಚ್ಚಿದವರನ್ನು ಮೊದಲು ಎಲ್ಲಿಗೆ ಕರೆದೊಯ್ಯುತ್ತಾರೆ?
2. ಹತ್ತಿರದ ಸರ್ಕಾರಿ ಆಸ್ಪತ್ರೆಯಲ್ಲಿ ಹಾವಿನ ವಿಷಕ್ಕೆ ಮದ್ದು ಇದೆಯೇ? ಹೋಗಿ ಕೇಳಿ ಬನ್ನಿ.
3. ನೀವು ಚಿಕ್ಕವರಿದ್ದಾಗ ಕಂಡ ಯಾವ ಹಕ್ಕಿ, ಯಾವ ಗಿಡ ಈಗ ಕಾಣುತ್ತಿಲ್ಲ? ಪಟ್ಟಿ ಬರೆಯಿರಿ.