ಮಕ್ಕಳು ಮುಚ್ಚಿಟ್ಟ ಗುಟ್ಟು



ಟೆಹರಾನ್ ನಗರದ ಒಂದು ಬಡ ಕೇರಿ. ಒಂದೇ ಕೋಣೆಯ ಮನೆ. ಅಪ್ಪ ಅಮ್ಮ ಅಲ್ಲೇ ಮಾತಾಡುತ್ತಿದ್ದಾರೆ, ಅಣ್ಣ ತಂಗಿ ನೆಲದ ಮೇಲೆ ಕೂತು ಬರೆಯುತ್ತಿದ್ದಾರೆ. ಬರೆಯುತ್ತಿರುವುದು ಪಾಠವಲ್ಲ. ನಾಳೆ ಶಾಲೆಗೆ ಹೇಗೆ ಹೋಗಲಿ ಎಂದು ಬರೆದು ತಂಗಿ ನೋಟ್‌ಪುಸ್ತಕವನ್ನು ಅಣ್ಣನತ್ತ ಸರಿಸುತ್ತಾಳೆ. ಅವನೂ ಬರೆದೇ ಉತ್ತರ ಕೊಡುತ್ತಾನೆ. ರಿಪೇರಿಗೆ ಒಯ್ದಿದ್ದ ಅವಳ ಬೂಟುಗಳನ್ನು ಅವನು ಕಳೆದುಕೊಂಡು ಬಂದಿದ್ದಾನೆ. ಹೊಸದು ಕೊಳ್ಳಲು ಅಪ್ಪನ ಬಳಿ ದುಡ್ಡಿಲ್ಲವೆಂದು ಇಬ್ಬರಿಗೂ ಗೊತ್ತು.

ಇದು ಮಜೀದ್ ಮಜೀದಿ 1997ರಲ್ಲಿ ತೆಗೆದ 'ಚಿಲ್ಡ್ರನ್ ಆಫ್ ಹೆವನ್' ಚಿತ್ರ. ಮಕ್ಕಳ ಕಷ್ಟದ ಕಥೆ ಎಂದೊಡನೆ ನಮಗೆ ಹಸಿವು, ಹೊಡೆತ, ಕಣ್ಣೀರು ನೆನಪಾಗುತ್ತವೆ. ಇಲ್ಲಿ ಬಡತನವನ್ನು ಅಳೆಯುವುದು ಒಂದು ಜೊತೆ ಬೂಟು. ತಂಗಿ ಜಹ್ರಾಗೆ ಬೆಳಗಿನ ಶಾಲೆ, ಅಣ್ಣ ಅಲಿಗೆ ಮಧ್ಯಾಹ್ನದ್ದು. ಅವನ ದೊಡ್ಡ ಬೂಟನ್ನು ಹಾಕಿಕೊಂಡು ಹೋದ ಜಹ್ರಾ ಗಂಟೆ ಬಾರಿಸಿದ ಕೂಡಲೇ ಓಡಿಬರಬೇಕು. ಓಣಿಯಲ್ಲಿ ಬೂಟು ಬದಲಾಯಿಸಿಕೊಂಡು ಅಲಿ ಓಡಬೇಕು. ಒಮ್ಮೆ ಒಂದು ಬೂಟು ಚರಂಡಿ ನೀರಿಗೆ ಬಿದ್ದು ತೇಲಿಹೋಗುತ್ತದೆ. ಆ ಹುಡುಗಿ ಅದರ ಹಿಂದೆ ಓಡುವಾಗ ನಮ್ಮ ಉಸಿರು ಕಟ್ಟುತ್ತದೆ.

ಈ ಮಕ್ಕಳ ಗಟ್ಟಿತನ ಎಲ್ಲಿಂದ ಬಂತು? ಅದನ್ನು ಮಜೀದಿ ಒಂದು ಸಣ್ಣ ದೃಶ್ಯದಲ್ಲಿ ಇಟ್ಟಿದ್ದಾರೆ. ಅಪ್ಪ ಮಸೀದಿಗಾಗಿ ಸಕ್ಕರೆ ಗಟ್ಟಿಗಳನ್ನು ಒಡೆಯುತ್ತಿದ್ದಾನೆ, ಎದುರಿಗೆ ಸಕ್ಕರೆಯ ರಾಶಿಯೇ ಇದೆ. ಮಗಳು ಚಹಾ ತಂದಾಗ ಅದರಲ್ಲಿ ಒಂದು ತುಂಡನ್ನೂ ಅವನು ಮುಟ್ಟುವುದಿಲ್ಲ, ಮನೆಯ ಸಕ್ಕರೆ ತರಲು ಹೇಳುತ್ತಾನೆ. ಮುಂದೆ ಜಹ್ರಾ ತನ್ನ ಬೂಟನ್ನು ಇನ್ನೊಬ್ಬ ಹುಡುಗಿಯ ಕಾಲಲ್ಲಿ ಕಾಣುತ್ತಾಳೆ. ಅಣ್ಣ ತಂಗಿ ಅವಳ ಮನೆಯವರೆಗೂ ಹೋಗುತ್ತಾರೆ. ಆ ಹುಡುಗಿಯ ಅಪ್ಪ ಕುರುಡ. ಅದನ್ನು ನೋಡಿ ಇಬ್ಬರೂ ಒಂದು ಮಾತೂ ಆಡದೆ ತಿರುಗಿ ಬರುತ್ತಾರೆ. ಆ ಸಕ್ಕರೆಯ ಪಾಠವನ್ನು ಯಾರೂ ಅವರಿಗೆ ಬಾಯಿಬಿಟ್ಟು ಹೇಳಿಕೊಟ್ಟಿರಲಿಲ್ಲ.

ಸತ್ಯಜಿತ್ ರಾಯ್ ಅವರ 1955ರ 'ಪಥೇರ್ ಪಾಂಚಾಲಿ'ಯಲ್ಲೂ ಇಂಥದೇ ಒಂದು ಗುಟ್ಟಿದೆ. ಪಕ್ಕದ ಮನೆಯ ಮಣಿಸರ ಕದ್ದಳೆಂದು ದುರ್ಗಾಳ ಮೇಲೆ ಆರೋಪ ಬರುತ್ತದೆ. ಅವಳು ಒಪ್ಪುವುದಿಲ್ಲ, ತಾಯಿಯಿಂದ ಹೊಡೆತ ತಿನ್ನುತ್ತಾಳೆ. ಅವಳು ತೀರಿಹೋದ ಮೇಲೆ, ಊರು ಬಿಡುವ ದಿನ, ಆ ಸರ ತಮ್ಮ ಅಪುವಿನ ಕೈಗೆ ಸಿಗುತ್ತದೆ. ಅವನು ಅದನ್ನು ಕೊಳಕ್ಕೆ ಎಸೆಯುತ್ತಾನೆ. ಪಾಚಿ ಸರಿದು ಮತ್ತೆ ಮುಚ್ಚಿಕೊಳ್ಳುತ್ತದೆ. ಅಷ್ಟು ಚಿಕ್ಕ ಹುಡುಗ ಅಕ್ಕನ ಮಾನ ಕಾಯುವುದನ್ನು ಎಷ್ಟು ಸಲ ನೋಡಿದರೂ ನನಗೆ ಗಂಟಲು ಕಟ್ಟುತ್ತದೆ.

ಆದರೆ ಮನೆಯವರೇ ಕ್ರೂರಿಗಳಾದರೆ? ಅನಂತಮೂರ್ತಿಯವರ ಕಥೆಯಿಂದ ಗಿರೀಶ್ ಕಾಸರವಳ್ಳಿ 1977ರಲ್ಲಿ ಮಾಡಿದ 'ಘಟಶ್ರಾದ್ಧ' ಅಲ್ಲಿಗೆ ಹೋಗುತ್ತದೆ. ವೇದ ಕಲಿಯಲು ಬಂದ ಪುಟ್ಟ ನಾಣಿಗೆ ಊರಿನ ನೆನಪು, ದೊಡ್ಡ ಹುಡುಗರ ಕಾಟ. ಅವನನ್ನು ಅಕ್ಕರೆಯಿಂದ ಕಾಣುವವಳು ಗುರುಗಳ ಮಗಳು, ವಿಧವೆ ಯಮುನಾ. ಅವಳು ಬಸಿರಾದಾಗ ಊರೆಲ್ಲ ಬೆನ್ನು ತಿರುಗಿಸುತ್ತದೆ, ಉಳಿಯುವವನು ಈ ಹುಡುಗನೊಬ್ಬನೇ. ಬದುಕಿರುವ ಮಗಳಿಗೆ ಹೆತ್ತ ತಂದೆಯೇ ಶ್ರಾದ್ಧ ಮಾಡುತ್ತಾನೆ. ಅಲಿ ಓಡಿಯಾದರೂ ಒಂದು ದಾರಿ ಕಂಡುಕೊಳ್ಳುತ್ತಾನೆ, ನಾಣಿಯ ಪ್ರೀತಿಗೆ ಅಂಥ ಯಾವ ದಾರಿಯೂ ಇಲ್ಲ. ಆದರೂ ಈ ಮೂರರಲ್ಲಿ ನಾನು ಹೆಚ್ಚು ನಂಬುವುದು ಇದನ್ನೇ. ಕೊನೆಯಲ್ಲಿ ಅಪ್ಪ ಬಂದು ನಾಣಿಯನ್ನು ಊರಿಗೆ ಕರೆದೊಯ್ಯುತ್ತಾನೆ. ತಲೆ ಬೋಳಿಸಿದ ಯಮುನಾ ಮರದ ಕೆಳಗೆ ಒಬ್ಬಳೇ ಕೂತಿದ್ದಾಳೆ. ಹುಡುಗ ಅವಳನ್ನು ನೋಡುತ್ತಾನೆ.